ಸ್ಕೋರ್ 6, ಸ್ಟೇಜ್ 2: ಈ ರಿಪೋರ್ಟ್ ಓದುವುದು ಹೇಗೆ?

ಪ್ರಶ್ನೆ: ನನಗೆ 34 ವರ್ಷ. ನಮ್ಮ ಮನೆಯಲ್ಲಿ ಎಫ್‌ಎಪಿ, ಅಂದರೆ ಕರುಳಿನಲ್ಲಿ ರಾಶಿ ಪಾಲಿಪ್ (ಸಣ್ಣ ಗಂಟು) ಬೆಳೆಯುವ ಕಾಯಿಲೆ, ವಂಶದಿಂದ ಬಂದಿದೆ. 22ನೇ ವಯಸ್ಸಿಗೇ ನನ್ನ ದೊಡ್ಡ ಕರುಳು ತೆಗೆದರು. ಈಗ ಎಂಡೋಸ್ಕೋಪಿಯಲ್ಲಿ ಡ್ಯುವೋಡಿನಮ್‌ನಲ್ಲೂ (ಸಣ್ಣ ಕರುಳಿನ ಮೊದಲ ಭಾಗ) 12 ಪಾಲಿಪ್ ಸಿಕ್ಕಿವೆ, ದೊಡ್ಡದು 6 ಮಿ.ಮೀ. ರಿಪೋರ್ಟ್‌ನಲ್ಲಿ ‘ಸ್ಪಿಗಲ್‌ಮನ್ ಸ್ಕೋರ್ 6, ಸ್ಟೇಜ್ 2’ ಎಂದಿದೆ. ಹಿಂದಿನ ಸಲ ಸ್ಟೇಜ್ 1 ಇತ್ತು. ಇದು ಎರಡನೇ ಹಂತದ ಕ್ಯಾನ್ಸರಾ? ಹಾಗಿದ್ದರೆ ಮೂರು ವರ್ಷ ಬಿಟ್ಟು ಬನ್ನಿ ಅಂದಿದ್ದೇಕೆ? ಎಲ್ಲವನ್ನೂ ಈಗಲೇ ತೆಗೆದುಬಿಡಬಾರದಾ? ನನ್ನ ತಮ್ಮನಿಗೆ 26, ಅವನಿಗೂ ಎಫ್‌ಎಪಿ ಇದೆ, ಆದರೆ ಹೊಟ್ಟೆಯ ತೊಂದರೆ ಏನೂ ಇಲ್ಲ. ಅವನಿಗೂ ಎಂಡೋಸ್ಕೋಪಿ ಬೇಕಾ?

ಉತ್ತರ: ಮೊದಲು ಸಮಾಧಾನ ಮಾಡಿಕೊಳ್ಳಿ. ಇದು ಕ್ಯಾನ್ಸರ್‌ನ ಹಂತ ಅಲ್ಲ. ‘ಸ್ಟೇಜ್’ ಅನ್ನುವ ಪದ ಬೇಡವಾಗಿತ್ತು ಅಂತ ನನಗೆ ಯಾವಾಗಲೂ ಅನ್ನಿಸುತ್ತದೆ, ಎಷ್ಟೋ ಜನರ ನಿದ್ದೆ ಕೆಡಿಸಿದೆ. 1989ರಲ್ಲಿ ಲಂಡನ್ನಿನ ಸೇಂಟ್ ಮಾರ್ಕ್ಸ್ ಆಸ್ಪತ್ರೆಯ ಸ್ಪಿಗಲ್‌ಮನ್ ಮತ್ತು ಸಂಗಡಿಗರು ಹಾಕಿಕೊಟ್ಟ ಲೆಕ್ಕ ಇದು. ಪಾಲಿಪ್ ಎಷ್ಟಿವೆ, ಎಷ್ಟು ದೊಡ್ಡವು, ಬಯಾಪ್ಸಿಯಲ್ಲಿ ಯಾವ ಬಗೆಯವು, ಜೀವಕೋಶಗಳು ಎಷ್ಟು ಕೆಟ್ಟಿವೆ. ಒಂದೊಂದಕ್ಕೂ 1ರಿಂದ 3 ಅಂಕ. ಕೂಡಿದರೆ ಸ್ಕೋರ್. 4ರವರೆಗೆ ಸ್ಟೇಜ್ 1, 5 ಅಥವಾ 6 ಆದರೆ 2, 7 ಅಥವಾ 8 ಆದರೆ 3, ಅದರ ಮೇಲೆ 12ರವರೆಗೆ 4.

ನಿಮ್ಮದನ್ನೇ ಕೂಡಿ ನೋಡೋಣ. 5ರಿಂದ 20 ಪಾಲಿಪ್ ಇದ್ದರೆ 2 ಅಂಕ, ನಿಮಗೆ 12 ಇವೆ. 5ರಿಂದ 10 ಮಿ.ಮೀ. ಗಾತ್ರಕ್ಕೂ 2. ಇಲ್ಲಿಗೇ 4 ಆಯಿತು. ಒಟ್ಟು 6 ಅಂದರೆ ಬಯಾಪ್ಸಿಯ ಎರಡೂ ಬಾಬತ್ತಿಗೆ ಒಂದೊಂದೇ ಅಂಕ ಬಿದ್ದಿದೆ, ಅದಕ್ಕಿಂತ ಕಡಿಮೆ ಕೊಡಲು ಬರುವುದೇ ಇಲ್ಲ. ಅಂದರೆ ಪಾಲಿಪ್‌ಗಳು ಕಡಿಮೆ ಅಪಾಯದ ‘ಟ್ಯೂಬ್ಯುಲರ್’ ಬಗೆಯವು, ಜೀವಕೋಶದ ಬದಲಾವಣೆ ಕೆಳಮಟ್ಟದ್ದು. ಗಾಬರಿಯಲ್ಲಿ ನೀವು ಗಮನಿಸದ ಒಳ್ಳೆಯ ಸುದ್ದಿ ಇದು.

ಸ್ಟೇಜ್ ಒಂದು ಮೆಟ್ಟಿಲು ಏರಿದ್ದಕ್ಕೂ ಜಾಸ್ತಿ ತಲೆ ಕೆಡಿಸಿಕೊಳ್ಳಬೇಡಿ. ಎಫ್‌ಎಪಿ ಇರುವವರಲ್ಲಿ ಹೆಚ್ಚಿನವರಿಗೆ ಒಂದಲ್ಲ ಒಂದು ದಿನ ಡ್ಯುವೋಡಿನಮ್‌ನಲ್ಲಿ ಪಾಲಿಪ್ ಬರುತ್ತದೆ, ವಯಸ್ಸಾದಂತೆ ಸ್ಕೋರ್ ನಿಧಾನವಾಗಿ ಏರುತ್ತದೆ. ಎಣಿಕೆಯೂ ಅಷ್ಟು ಗಟ್ಟಿಯಲ್ಲ. ಒಬ್ಬ ಡಾಕ್ಟರ್ 19 ಎಣಿಸಿದ ಕಡೆ ಇನ್ನೊಬ್ಬರು 22 ಎಣಿಸಬಹುದು, ಅಷ್ಟಕ್ಕೇ ಒಂದು ಅಂಕ ಜಾಸ್ತಿ. ಆದರೆ ಬಯಾಪ್ಸಿಯಲ್ಲಿ ‘ಹೈ ಗ್ರೇಡ್ ಡಿಸ್‌ಪ್ಲೇಸಿಯಾ’ (ಜೀವಕೋಶಗಳು ತೀರಾ ಕೆಟ್ಟಿವೆ) ಎಂದು ಬಂದರೆ ಆ ಬಾಬತ್ತು ಒಂದೇ ಸಲ 1ರಿಂದ 3ಕ್ಕೆ ಹಾರುತ್ತದೆ. ಅಂಥ ಏರಿಕೆಗೆ ಮಾತ್ರ ನಾನು ಕುರ್ಚಿಯಲ್ಲಿ ನೆಟ್ಟಗೆ ಕೂರುತ್ತೇನೆ.

ಮೂರು ವರ್ಷದ ಗಡುವು ಬೇಜವಾಬ್ದಾರಿ ಅಲ್ಲ. ಸ್ಟೇಜ್ 2ಕ್ಕೆ ಸಾಮಾನ್ಯವಾಗಿ ಹೇಳುವುದೇ ಅಷ್ಟು. ಸ್ಟೇಜ್ 3 ಆದರೆ ವರ್ಷಕ್ಕೊಮ್ಮೆ. 4 ಆದರೆ ಆರು ತಿಂಗಳಿಗೊಮ್ಮೆ, ಜೊತೆಗೆ ಸರ್ಜನ್ ಹತ್ತಿರ ಮಾತುಕತೆ. 2002ರಲ್ಲಿ ಪ್ರಕಟವಾದ ಹತ್ತು ವರ್ಷಗಳ ಅಧ್ಯಯನದಲ್ಲಿ, ಶುರುವಿನಲ್ಲಿ ಸ್ಟೇಜ್ 4 ಇದ್ದ 11 ಜನರಲ್ಲಿ 4 ಮಂದಿಗೆ ಕ್ಯಾನ್ಸರ್ ಬಂತು. ಸ್ಟೇಜ್ 2 ಇದ್ದ 44 ಜನರಲ್ಲಿ ಒಬ್ಬರಿಗೆ.

ಆ ಒಬ್ಬರೂ ಇದ್ದಾರಲ್ವಾ? ಹಾಗಾಗಿ ಸ್ಕೋರ್ ನೋಡಿ ಸುಮ್ನೆ ಕೂರಬೇಡಿ. ಈ ಲೆಕ್ಕದಲ್ಲಿ ಒಂದು ದೊಡ್ಡ ತೂತು ಇದೆ. ಪಿತ್ತನಾಳ, ಮೇದೋಜೀರಕ ಗ್ರಂಥಿಯ ನಾಳ ಎರಡೂ ಡ್ಯುವೋಡಿನಮ್‌ಗೆ ಬಂದು ತೆರೆದುಕೊಳ್ಳುವ ಕಡೆ ಮೊಲೆತೊಟ್ಟಿನಂಥ ಪುಟ್ಟ ಉಬ್ಬು ಇರುತ್ತದೆ. ಅದೇ ಪ್ಯಾಪಿಲ್ಲಾ. ಎಫ್‌ಎಪಿಯಲ್ಲಿ ಕ್ಯಾನ್ಸರ್ ಬಂದರೆ ಹೆಚ್ಚಾಗಿ ಅದರಲ್ಲಿ ಅಥವಾ ಅದರ ಸುತ್ತ ಬರುತ್ತದೆ. ಆದರೆ ಸ್ಪಿಗಲ್‌ಮನ್ ಲೆಕ್ಕದಲ್ಲಿ ಅದಕ್ಕೆ ಬೇರೆ ಅಂಕವೇ ಇಲ್ಲ. ಮಾಮೂಲಿ ಎಂಡೋಸ್ಕೋಪ್ ಮುಂದಕ್ಕೆ ನೋಡುತ್ತದೆ, ಪ್ಯಾಪಿಲ್ಲಾ ಪಕ್ಕದ ಗೋಡೆಯಲ್ಲಿ ಮಡಿಕೆಯ ಮರೆಯಲ್ಲಿರುತ್ತದೆ. ಹಾಗಾಗಿ ಪಕ್ಕಕ್ಕೆ ನೋಡುವ ಸ್ಕೋಪ್ ಬೇಕು, ಇಲ್ಲವೇ ತುದಿಗೆ ಪಾರದರ್ಶಕ ಕ್ಯಾಪ್ ಹಾಕಿ ನೋಡಬೇಕು. ರಿಪೋರ್ಟ್‌ನಲ್ಲಿ ಪ್ಯಾಪಿಲ್ಲಾದ ಬಗ್ಗೆ ಒಂದು ಸಾಲಾದರೂ ಇದೆಯಾ ನೋಡಿ. ಇಲ್ಲದಿದ್ದರೆ ಫೋನ್ ಮಾಡಿ ಕೇಳಿ. ಮೂರು ವರ್ಷ ಕಾಯುವುದು, ಬಿಡುವುದು ಆ ಉತ್ತರದ ಮೇಲಿದೆ.

ಎಲ್ಲವನ್ನೂ ತೆಗೆಯುವ ಮಾತು. ಡ್ಯುವೋಡಿನಮ್ ಗೋಡೆ ತೆಳು, ರಕ್ತನಾಳ ಜಾಸ್ತಿ. ಕತ್ತರಿಸಿದ ಜಾಗದ ಮೇಲೆ ಪಿತ್ತರಸ, ಜೀರ್ಣರಸ ಹರಿಯುತ್ತಲೇ ಇರುತ್ತದೆ. ರಕ್ತಸ್ರಾವ ಆಗಬಹುದು, ತೂತು ಬೀಳಬಹುದು. ಇಷ್ಟು ಮಾಡಿದರೂ ಹೊಸ ಪಾಲಿಪ್ ಮತ್ತೆ ಹುಟ್ಟುತ್ತವೆ, ಯಾಕೆಂದರೆ ಎಫ್‌ಎಪಿಗೆ ಕಾರಣವಾದ ಎಪಿಸಿ ಜೀನ್‌ನ ದೋಷ ಎಲ್ಲ ಜೀವಕೋಶದಲ್ಲೂ ಇದೆ. ಅದಕ್ಕೇ ಸಾಮಾನ್ಯವಾಗಿ 10 ಮಿ.ಮೀ. ಮುಟ್ಟಿದ್ದನ್ನು ಅಥವಾ ನೋಟದಲ್ಲೇ ಅನುಮಾನ ಹುಟ್ಟಿಸುವುದನ್ನು ತೆಗೆಯುತ್ತೇವೆ. ಈ ನಡುವೆ ಕಣ್ಣು ಹಳದಿಯಾದರೆ, ಮಲ ಕಪ್ಪಾದರೆ ಅಥವಾ ಬಿಳಿಚಿಕೊಂಡರೆ, ಕಾರಣವಿಲ್ಲದೆ ತೂಕ ಇಳಿದರೆ ಗಡುವು ಮರೆತು ಕೂಡಲೇ ಹೋಗಿ.

ತಮ್ಮನಿಗೆ ಬೇಕು. ತೊಂದರೆ ಕಾಣಿಸಲಿ ಅಂತ ಕಾಯುವ ಪರೀಕ್ಷೆ ಇದಲ್ಲ, 25ರ ಹೊತ್ತಿಗೆ ಶುರು ಮಾಡಬೇಕು. ನಿಮ್ಮ ಸ್ಟೇಜ್ ನೋಡಿ ಅವರದನ್ನು ಊಹಿಸಲಾಗದು. ಒಂದೇ ಮನೆಯ ಅಣ್ಣ ತಮ್ಮಂದಿರಲ್ಲೂ ಡ್ಯುವೋಡಿನಮ್ ಬೇರೆ ಬೇರೆ ರೀತಿ ನಡೆದುಕೊಳ್ಳುತ್ತದೆ.