ಬಾಕಿ ಸಂಬಳಕ್ಕೆ ಲೇಬರ್ ಕೋರ್ಟಿಗೆ ಹೋಗಬಹುದಾ?

ಮೇಡಂ, ಖಾಸಗಿ ಶಾಲೆಯವರು 7 ತಿಂಗಳ ಸಂಬಳ ಕೊಟ್ಟಿಲ್ಲ, ಲೇಬರ್ ಕೋರ್ಟಿಗೆ ಹೋಗಲಾ ಅಂತ ಕೇಳಿದ್ದೀರಿ. ಓದಿ ಹೊಟ್ಟೆ ಉರಿಯಿತು. ಅಲ್ಲಿ ಕೇಸು ನಿಲ್ಲುವುದು ಕಷ್ಟ. ಶಿಕ್ಷಕರು ಆಗ ಜಾರಿಯಲ್ಲಿದ್ದ ಕೈಗಾರಿಕಾ ವಿವಾದ ಕಾಯ್ದೆಯ ‘ಕಾರ್ಮಿಕ’ರಲ್ಲ ಅಂತ ಗೋವಾದ ಶಿಕ್ಷಕಿಯೊಬ್ಬರ ಕೇಸಿನಲ್ಲಿ ಸುಪ್ರೀಂ ಕೋರ್ಟ್ 1988ರಲ್ಲೇ ಹೇಳಿದೆ. ಬಾಕಿಗೆ ಸಿವಿಲ್ ದಾವೆ ಹಾಕಬಹುದು, 3 ವರ್ಷದೊಳಗೆ. ಕೇಳಿದ್ದಕ್ಕೆ ಕೆಲಸದಿಂದಲೇ ತೆಗೆದರೆ, ಕರ್ನಾಟಕ ಶಿಕ್ಷಣ ಕಾಯ್ದೆಯ 94ನೇ ಸೆಕ್ಷನ್ ಪ್ರಕಾರ 3 ತಿಂಗಳೊಳಗೆ ಶಿಕ್ಷಣ ಮೇಲ್ಮನವಿ ನ್ಯಾಯಮಂಡಳಿಗೆ ಹೋಗಬೇಕು.

ಒಂದು ಮಾತು. ನಮ್ಮ ಅಕ್ಕನ ಹತ್ತಿರ ರಿಜಿಸ್ಟರಿನಲ್ಲಿ ಪೂರ್ತಿ ಸಂಬಳಕ್ಕೆ ಸಹಿ ಹಾಕಿಸಿಕೊಂಡು ಕೈಗೆ ಅರ್ಧ ಕೊಡುತ್ತಿದ್ದರು. ಕೊನೆಗೆ ಆ ಸಹಿಯೇ ಅವಳಿಗೆ ಮುಳುವಾಯಿತು. ದುಡ್ಡು ಬರದೆ ಎಲ್ಲೂ ಸಹಿ ಹಾಕಬೇಡಿ. ಪಾಸ್‌ಬುಕ್, ನೇಮಕಾತಿ ಪತ್ರ, ವಾಟ್ಸಾಪ್ ಮೆಸೇಜು ಜೋಪಾನವಾಗಿಡಿ. ಬಾಕಿ ಲೆಕ್ಕ ಬರೆದು ಆಡಳಿತ ಮಂಡಳಿಗೆ ಇವತ್ತೇ ಸ್ಪೀಡ್ ಪೋಸ್ಟ್ ಮಾಡಿ, ರಸೀದಿ ಇಟ್ಟುಕೊಳ್ಳಿ.