ನೀವು ಕೇಳಿದ್ದು: ಪುಟ್ಟಕ್ಕನಿಗಿಂತ ಮುಂಚಿನ ಉಮಾಶ್ರೀ

ಪ್ರಶ್ನೆ: ‘ಪುಟ್ಟಕ್ಕನ ಮಕ್ಕಳು’ ಸೀರಿಯಲ್ ನಮ್ಮನೇಲಿ ಎಲ್ರೂ ಕೂತ್ಕೊಂಡು ನೋಡ್ತಿದ್ವಿ. ನಮ್ಮತ್ತೆ ಮಾತ್ರ, ಉಮಾಶ್ರೀ ಅಂದ್ರೆ ನಂಗೆ ಹಳೇ ಡಬಲ್ ಮೀನಿಂಗ್ ಕಾಮಿಡಿನೇ ನೆನಪಾಗೋದು, ಈಯಮ್ಮ ಇಷ್ಟು ಅಳಿಸ್ತಾಳೆ ಅಂತ ಗೊತ್ತೇ ಇರ್ಲಿಲ್ಲ ಅಂತಿದ್ರು. ಅವ್ರು ಇಷ್ಟು ಬದಲಾಗಿದ್ದು ಯಾವಾಗ?
– ಓದುಗಿ, ಹಾಸನ

ಉತ್ತರ: ನಿಮ್ಮತ್ತೆಯವರ ನೆನಪೇನೂ ತಪ್ಪಲ್ಲಮ್ಮ. 1984ರಲ್ಲಿ ಕಾಶಿನಾಥ್ ಅವರ ‘ಅನುಭವ’ ಬಂದ್ಮೇಲೆ ಉಮಾಶ್ರೀ ಅವರಿಗೆ ಸಾಲಾಗಿ ಬಂದಿದ್ದೇ ಅಂಥ ಪಾತ್ರಗಳು, ಹಾಸ್ಯನಟ ಎನ್.ಎಸ್. ರಾವ್ ಜೊತೆ ಜೋಡಿ, ಜಗಳಗಂಟಿ ಹೆಂಡ್ತಿ, ಬಾಯಿಬಡುಕಿ ಪಕ್ಕದ್ಮನೆಯೋಳು. ಹೀರೋ ಹೀರೋಯಿನ್ ಕಥೆಗೆ ಮಧ್ಯೆ ಒಂದೈದು ನಿಮಿಷ ಬಂದು ಥಿಯೇಟರ್ ನಗಿಸಿ ಹೋಗ್ಬೇಕು, ಅಷ್ಟೇ ಅವರಿಗೆ ಕೊಟ್ಟ ಜಾಗ. ಆದ್ರೆ ಆ ಐದು ನಿಮಿಷದಲ್ಲಿ ಮಾತು ಎಲ್ಲಿ ಎಳೀಬೇಕು, ಎಲ್ಲಿ ಪಟ್ ಅಂತ ಕಡೀಬೇಕು ಅನ್ನೋ ಲೆಕ್ಕ ಇದ್ಯಲ್ಲ, ಅದು ಸುಮ್ನೆ ಬರಲ್ಲ.

ಅದು ಬಂದಿದ್ದು ನಾಟಕದಿಂದ. ದೇವನೂರ ಮಹಾದೇವ ಅವರ ಕಿರುಕಾದಂಬರಿ ‘ಒಡಲಾಳ’ವನ್ನ ನಾಟಕ ನಿರ್ದೇಶಕ ಸಿಜಿಕೆ ರಂಗಕ್ಕೆ ತಂದಾಗ ಸಾಕವ್ವನ ಪಾತ್ರ ಮಾಡಿದ್ದು ಇದೇ ಉಮಾಶ್ರೀ. ತಾವಿನ್ನೂ ಸಣ್ಣ ವಯಸ್ಸಿನವರಾಗಿದ್ದಾಗಲೇ, ಕಳೆದ್ಹೋದ ಹುಂಜಕ್ಕೋಸ್ಕರ ಊರೆಲ್ಲಾ ಹುಡುಕಾಡೋ, ಮನೆತುಂಬ ಹಸಿವು ಇಟ್ಕೊಂಡೂ ಯಾರಿಗೂ ಬಗ್ಗದ ಆ ಮುದುಕಿ ಆಗಿದ್ರು. ಒಂದು ಹುಂಜ ಹೋದ್ರೆ ಆ ಮನೆಗೆ ಎಷ್ಟು ಹೋದಂಗೆ ಅನ್ನೋದನ್ನ ನೋಡೋರ ಹೊಟ್ಟೆಗೆ ಮುಟ್ಟಿಸ್ಬೇಕಲ್ವಾ, ಸಾಕವ್ವ ಅಂದ್ರೆ ಇವತ್ತಿಗೂ ರಂಗಭೂಮಿಯವರು ಉಮಾಶ್ರೀ ಹೆಸರು ಹೇಳ್ತಾರೆ. ಹಾಗಾಗಿ ಅಳಿಸೋ ಶಕ್ತಿ ಆಮೇಲೆ ಬಂದಿದ್ದಲ್ಲ, ಸಿನಿಮಾದವರು ಅದನ್ನ ಕೇಳ್ಲೇ ಇಲ್ಲ ಬಹಳ ವರ್ಷ. ನಂಗೆ ಇದೊಂದು ಬೇಜಾರು ಇದ್ದೇ ಇದೆ.

ಪ್ರಶ್ನೆ: ‘ಗುಲಾಬಿ ಟಾಕೀಸ್’ಗೆ ಅವರಿಗೆ ಸಿಕ್ಕಿದ್ದು ಪೋಷಕ ನಟಿ ಅವಾರ್ಡಾ?
– ಓದುಗ, ಕುಂದಾಪುರ

ಉತ್ತರ: ಅಲ್ಲ ಸಾರ್, ಅತ್ಯುತ್ತಮ ನಟಿ, ಅದೂ ರಾಷ್ಟ್ರಪ್ರಶಸ್ತಿ, 2007ರ ಸಾಲಿಂದು. ವೈದೇಹಿ ಅವರ ಕಥೆ, ಗಿರೀಶ್ ಕಾಸರವಳ್ಳಿ ನಿರ್ದೇಶನ, ನಿಮ್ಮ ಕಡಲತೀರದ್ದೇ ಕಥೆ. ಗುಲಾಬಿ ಹೆರಿಗೆ ಮಾಡಿಸೋ ಹೆಂಗಸು, ಗಂಡ ಮೂಸಾ ಬಿಟ್ಟು ಇನ್ನೊಬ್ಬಳ ಜೊತೆ ಇದಾನೆ, ಅವಳಿಗೆ ಇರೋದು ಸಿನಿಮಾ ಹುಚ್ಚೊಂದೇ. ಒಂದು ಹೆರಿಗೆ ಮಾಡ್ಸಿದ್ದಕ್ಕೆ ಕಲರ್ ಟಿವಿ, ಡಿಶ್ ಆಂಟೆನಾ ಸಿಗತ್ತೆ, ಅಕ್ಕಪಕ್ಕದ ಹೆಂಗಸರೆಲ್ಲ ಅವಳ ಗುಡಿಸಲಿಗೆ ಬರೋಕೆ ಶುರು ಮಾಡ್ತಾರೆ, ಅಷ್ಟರಲ್ಲಿ ಕಾರ್ಗಿಲ್ ಯುದ್ಧದ ಸಮಯ, ಊರಲ್ಲಿ ಹಿಂದೂ ಮುಸ್ಲಿಂ ಅಂತ ಬಿರುಕು ಬಿಡತ್ತೆ. ಆ ಪರದೆ ಕಡೆ ನೋಡ್ತಾ ಕೂತಾಗ ಗುಲಾಬಿ ಮುಖ ಗಮನಿಸಿ, ಚಿಕ್ಕ ಮಗು ಥರ ಅರಳತ್ತೆ. ಇಷ್ಟು ವರ್ಷ ನಾಯಕಿ ಪಕ್ಕದಲ್ಲಿ ನಿಂತ ನಟಿಗೆ ಇಡೀ ಸಿನಿಮಾ ಹೊರೋ ಪಾತ್ರ ಸಿಕ್ಕಿದ್ದು ಐವತ್ತರ ಆಸುಪಾಸಲ್ಲಿ!

ಇನ್ನೊಂದು ನೋಡಿ, 2021ರ ಕೊನೇಲಿ ಶುರುವಾದ ಸೀರಿಯಲ್‌ನಲ್ಲಿ ಪುಟ್ಟಕ್ಕನೂ ಗಂಡ ಬಿಟ್ಟೋಳೇ. ಗಂಡು ಮಗು ಆಗಲಿಲ್ಲ ಅಂತ ಅವನು ಬೇರೆ ಮದ್ವೆ ಆದ, ಇವಳು ಮೆಸ್ ನಡೆಸಿ ಮೂರು ಹೆಣ್ಮಕ್ಕಳನ್ನ ಸಾಕ್ತಾಳೆ. ಆದ್ರೆ ಗುಲಾಬಿಯ ನೆರಳು ಪುಟ್ಟಕ್ಕನ ಮೇಲೆ ಎಲ್ಲೂ ಬೀಳಲ್ಲ. ಗುಲಾಬಿಗೆ ಒಂಟಿತನ ಕಣ್ಣಲ್ಲಿ, ಪುಟ್ಟಕ್ಕನಿಗೆ ಅದನ್ನ ತೋರಿಸೋಕೆ ಪುರುಸೊತ್ತೇ ಇಲ್ಲ, ಒಲೆ ಮುಂದೆ ಕೆಲಸ ಮಾಡ್ತಾ ಮಾಡ್ತಾನೇ ಸೆರಗಲ್ಲಿ ಮುಖ ಒರೆಸ್ಕೊಂಡು ಮುಂದಕ್ಕೆ ಹೋಗ್ತಾಳೆ. ದಿನಾ ಬರೋ ಧಾರಾವಾಹಿಯಲ್ಲಿ, ಒಂದೇ ದುಃಖವನ್ನ ಮತ್ತೆ ಮತ್ತೆ ತೋರಿಸ್ಬೇಕಾದ ಜಾಗದಲ್ಲಿ, ಹೀಗೆ ಅಳತೆ ತಪ್ಪದೆ ಮಾಡೋದು ಸಿನಿಮಾಗಿಂತ ಕಷ್ಟ ಅಂತ ನನ್ನ ನಂಬಿಕೆ.

ಪ್ರಶ್ನೆ: ರಾಜಕೀಯಕ್ಕೆ ಹೋದ್ಮೇಲೆ ನಟನೆ ಬಿಟ್ರಾ?
– ಓದುಗ, ತೇರದಾಳ

ಉತ್ತರ: ನಿಮ್ಮ ಕ್ಷೇತ್ರದಿಂದಲೇ 2013ರಲ್ಲಿ ಗೆದ್ದು ಕನ್ನಡ ಮತ್ತು ಸಂಸ್ಕೃತಿ, ಮಹಿಳಾ ಮತ್ತು ಮಕ್ಕಳ ಕಲ್ಯಾಣ ಸಚಿವೆ ಆಗಿದ್ರು. 2018ರಲ್ಲಿ ಸೋತರು. ಸೀರಿಯಲ್ ಬಂದಿದ್ದು ಅದಾದ್ಮೇಲೆ, ಅದು ನಡೀತಿದ್ದಾಗಲೇ 2023ರಲ್ಲಿ ವಿಧಾನ ಪರಿಷತ್ತಿಗೆ ನಾಮಕರಣನೂ ಆಯ್ತು, ಪುಟ್ಟಕ್ಕನ ಮೆಸ್ಸೂ ಮುಚ್ಚಲಿಲ್ಲ.