ರೋಲ್ಯಾಂಡ್ ಗ್ಯಾರೋಸ್ ಎಷ್ಟು ಕಪ್ ಗೆದ್ದಿದ್ದ?

ಫ್ರೆಂಚ್ ಓಪನ್ ನಡೆಯುವ ಸ್ಟೇಡಿಯಂಗೆ ಇವನ ಹೆಸರಿದೆ, ಹಾಗಾದರೆ ಎಷ್ಟು ಕಪ್ ಗೆದ್ದಿರಬಹುದು ಅಂತ ಕೇಳಿದ್ದೀರಿ. ಒಂದೂ ಇಲ್ಲ. ಇವನು ಹೆಸರು ಮಾಡಿದ್ದು ಟೆನಿಸ್‌ನಲ್ಲಿ ಅಲ್ಲ, ವಿಮಾನ ಹಾರಿಸೋದರಲ್ಲಿ. ನಾನೂ ಬಹಳ ವರ್ಷ ನಿಮ್ಮ ಹಾಗೇ ಅಂದುಕೊಂಡಿದ್ದೆ. 2017ರಲ್ಲಿ ನಮ್ಮ ಕೊಡಗಿನ ರೋಹನ್ ಬೋಪಣ್ಣ ಅಲ್ಲಿ ಮಿಕ್ಸೆಡ್ ಡಬಲ್ಸ್ ಗೆದ್ದಾಗ, ಈ ಹೆಸರು ಯಾರದು ಅಂತ ಹುಡುಕಿ ಓದಿದೆ. ಆಮೇಲೆ ಈ ಮನುಷ್ಯನನ್ನು ಮರೆಯೋಕೆ ಆಗಿಲ್ಲ.

ಹುಟ್ಟಿದ್ದು 1888ರಲ್ಲಿ, ಹಿಂದೂ ಮಹಾಸಾಗರದ ರಿಯೂನಿಯನ್ ದ್ವೀಪದಲ್ಲಿ. 1913ರ ಸೆಪ್ಟೆಂಬರ್ 23ರಂದು ದಕ್ಷಿಣ ಫ್ರಾನ್ಸ್‌ನಿಂದ ಹೊರಟು, ಎಲ್ಲೂ ಇಳಿಯದೆ ಮೆಡಿಟರೇನಿಯನ್ ಸಮುದ್ರ ದಾಟಿ, ಟ್ಯುನಿಷಿಯಾದ ಬಿಜರ್ಟ್‌ನಲ್ಲಿ ಇಳಿದ. ಹಾಗೆ ದಾಟಿದವರಲ್ಲಿ ಇವನೇ ಮೊದಲು. ಸುಮಾರು ಎಂಟು ಗಂಟೆ, ಒಂದೇ ಎಂಜಿನ್, ಕೆಳಗೆ ಬರೀ ನೀರು. ದಾರಿಯಲ್ಲಿ ಎಂಜಿನ್ ತೊಂದರೆ ಕೊಟ್ಟರೂ ವಾಪಸ್ ತಿರುಗಲಿಲ್ಲ. ಇಳಿದಾಗ ಟ್ಯಾಂಕಿನಲ್ಲಿ ಉಳಿದಿದ್ದು 5 ಲೀಟರ್ ಪೆಟ್ರೋಲ್, ಅಂದರೆ ಒಂದು ಸ್ಕೂಟರಿಗೆ ಹಾಕಿಸುವಷ್ಟು!

ಮುಂದಿನ ವರ್ಷ ಮೊದಲ ಮಹಾಯುದ್ಧ ಶುರುವಾಯಿತು. ವಿಮಾನದ ಮೂತಿಯಲ್ಲಿ ಫ್ಯಾನು ತಿರುಗುತ್ತಿರುವಾಗ ಅದರ ಹಿಂದೆ ಕೂತು ನೇರ ಮುಂದಕ್ಕೆ ಗುಂಡು ಹಾರಿಸಿದರೆ ನಮ್ಮ ಫ್ಯಾನೇ ಒಡೆದುಹೋಗುತ್ತೆ, ಅಲ್ವಾ? ಇವನ ವಿಮಾನದಲ್ಲಿ ಫ್ಯಾನಿನ ಅಲಗುಗಳಿಗೆ ಲೋಹದ ತುಂಡು ಕೂರಿಸಿದ್ದರು, ತಾಗಿದ ಗುಂಡು ಪಕ್ಕಕ್ಕೆ ಚಿಮ್ಮಿ ಹೋಗಲಿ ಅಂತ. 1915ರ ಏಪ್ರಿಲ್‌ನಲ್ಲಿ ಅದರಿಂದಲೇ ಜರ್ಮನ್ ವಿಮಾನಗಳನ್ನು ಕೆಡವಿದ. ಅದೇ ತಿಂಗಳು ಜರ್ಮನ್ನರ ಕಡೆ ಇಳಿಯಬೇಕಾಗಿ ಬಂದು ಸಿಕ್ಕಿಬಿದ್ದ. ಸೆರೆಯಿಂದ ತಪ್ಪಿಸಿಕೊಂಡಿದ್ದು 1918ರಲ್ಲಿ. ಅಷ್ಟು ಅನುಭವಿಸಿದವನು ಇನ್ನು ಸಾಕು ಅಂತ ಮನೆಯಲ್ಲಿ ಇರಬಹುದಿತ್ತು, ಯಾರೂ ಏನೂ ಅನ್ನುತ್ತಿರಲಿಲ್ಲ. ಮತ್ತೆ ಯುದ್ಧಕ್ಕೇ ಹೋದ. ಅಕ್ಟೋಬರ್ 5ರಂದು ಅವನ ವಿಮಾನ ಬಿತ್ತು. ಮಾರನೇ ದಿನ ಅವನಿಗೆ 30 ತುಂಬುತ್ತಿತ್ತು, ಯುದ್ಧ ಮುಗಿಯೋಕೆ ಇನ್ನು ಐದೇ ವಾರ ಇತ್ತು. ಇದನ್ನು ಓದಿದಾಗ ನಿಜಕ್ಕೂ ಸಂಕಟ ಆಯ್ತು.

ಸ್ಟೇಡಿಯಂ ಕಥೆಗೆ ಬಂದರೆ, 1927ರಲ್ಲಿ ಫ್ರಾನ್ಸ್ ಡೇವಿಸ್ ಕಪ್, ಅಂದರೆ ದೇಶ ದೇಶಗಳ ತಂಡಗಳು ಆಡುವ ಟೆನಿಸ್ ಕಪ್, ಗೆದ್ದಿತು. ಮರುವರ್ಷದ ಪಂದ್ಯಗಳಿಗೆ ಪ್ಯಾರಿಸ್‌ನಲ್ಲಿ ದೊಡ್ಡ ಜಾಗ ಬೇಕಾಯಿತು, ಅದಕ್ಕೇ ಈ ಸ್ಟೇಡಿಯಂ ಕಟ್ಟಿದರು. ಅದರಲ್ಲಿ ಪಾಲು ಇದ್ದ ಕ್ಲಬ್ಬಿನ ಮುಖ್ಯಸ್ಥ ಎಮಿಲ್ ಲೆಸಿಯರ್, ಗ್ಯಾರೋಸ್‌ನ ಕಾಲೇಜು ಗೆಳೆಯ. ನನ್ನ ಗೆಳೆಯನ ಹೆಸರೇ ಇಡಬೇಕು ಅಂತ ಪಟ್ಟು ಹಿಡಿದ. ಗೆಳೆಯ ಸತ್ತು ಆಗಲೇ ಹತ್ತು ವರ್ಷ ಆಗಿತ್ತು.

ಟೆನಿಸ್ ಆಡಿದವರ ಹೆಸರೇ ಬೇಕಿದ್ದರೆ ಅದೇ ಆವರಣದಲ್ಲಿ ಸುಸಾನ್ ಲಾಂಗ್ಲೆನ್ ಕೋರ್ಟ್ ಇದೆ. ಆಕೆ ವಿಂಬಲ್ಡನ್ ಸಿಂಗಲ್ಸ್ 6 ಸಲ ಗೆದ್ದವಳು. ಆಕೆಯ ಬಗ್ಗೆಯೂ ಕೇಳಿ, ಬರೆಯೋಕೆ ಬಹಳ ಇದೆ.